ಟವರ್ ಬೇಕು, ಅಬ್ಬಿ ತಲೆ ಮೇಲೆ ಬೇಡ: ಹೊಸನಗರ ಕಡೆಯ ಒಂದು ಪ್ರಕರಣ

2021ರ ಆಗಸ್ಟ್ ಮೊದಲ ವಾರ. ಸಾಗರದಲ್ಲಿ ಮೂರು ದಿನದಿಂದ ಬಿಡದೆ ಮಳೆ. ಬೆಳಿಗ್ಗೆ ನಾನು ಬಂದಾಗ ಆಫೀಸಿನ ಜಗಲಿ ಮೇಲೆ ಆರು ಜನ ಕೂತಿದ್ದರು, ಕೊಡೆಗಳನ್ನು ಗೋಡೆಗೆ ಒರಗಿಸಿಕೊಂಡು. ಒಳಗೆ ಕರೆದೆ. ಅವರಲ್ಲಿ ವಯಸ್ಸಾದ ಒಬ್ಬ ಅಮ್ಮ ಚೀಲದಿಂದ ಗಾಜಿನ ಬಾಟ್ಲಿ ತೆಗೆದು ಮೇಜಿನ ಮೇಲೆ ಇಟ್ಟರು. ಚಹಾ ಬಣ್ಣದ ನೀರು. ತಳದಲ್ಲಿ ಎರಡು ಬೆರಳಿನಷ್ಟು ಕೆಂಪು ಮಣ್ಣು ಕೂತಿತ್ತು.

"ಇದು ನಮ್ಮ ಅಬ್ಬಿ ನೀರು ವಕೀಲ್ರೇ. ಒಂದು ತಿಂಗಳಾಯ್ತು, ಇದನ್ನೇ ಬಟ್ಟೇಲಿ ಸೋಸಿ ಕುಡೀತಾ ಇದೀವಿ" ಅಂದರು. ಅಬ್ಬಿ ಅಂದ್ರೆ ಗುಡ್ಡದ ಒರತೆಯಿಂದ ಮನೆಗೆ ಹರಿದು ಬರುವ ನೀರು.

ಜೊತೆಗಿದ್ದ ಹುಡುಗ ಕೋರ್ಟಿನ ಕಾಗದಗಳ ಕಟ್ಟು ಕೊಟ್ಟ. ಹೊಸನಗರ ಕೋರ್ಟಿನಲ್ಲಿ ಅವರು ಆಗಲೇ ಒಂದು ದಾವೆ ಹಾಕಿದ್ದರು, ಮೊಬೈಲ್ ಟವರ್ ಕಟ್ಟದಂತೆ ತಡೆಯಾಜ್ಞೆ ಬೇಕು ಅಂತ. ಮಧ್ಯಂತರ ತಡೆ ಸಿಕ್ಕಿರಲಿಲ್ಲ. ಹತ್ತೊಂಬತ್ತು ಪುಟದ ಆ ದಾವೆ ಓದಿದೆ. ಪುಟ ಪುಟಕ್ಕೂ ವಿಕಿರಣ, ಕ್ಯಾನ್ಸರ್, ಗುಬ್ಬಚ್ಚಿ, ಜೇನುಹುಳ, ಒಣಗಿ ಹೋಗುವ ಅಡಿಕೆ ಹಿಂಗಾರ. ಅಬ್ಬಿ ನೀರಿನ ಬಗ್ಗೆ ಇದ್ದದ್ದು ಒಂದೇ ಒಂದು ಸಾಲು.

ನನಗೆ ಈ ಪ್ರಕರಣ ಇವತ್ತಿಗೂ ಮರೆಯೋಕೆ ಆಗದೆ ಇರುವುದು ಅದಕ್ಕೇ. ಬಾಟ್ಲಿಯಲ್ಲಿ ಕಣ್ಣಿಗೆ ಕಾಣುವ ಸಾಕ್ಷಿ ಇತ್ತು. ಕೋರ್ಟಿನ ಮುಂದೆ ಇಟ್ಟದ್ದು ಮಾತ್ರ ಕಣ್ಣಿಗೆ ಕಾಣದ್ದು. ಮಲೆನಾಡಿನಲ್ಲಿ ಟವರ್ ತಕರಾರು ಅಂತ ಬರುವ ಜನರಲ್ಲಿ ಹೆಚ್ಚಿನವರು ಇದೇ ದಾರಿ ಹಿಡಿಯುತ್ತಾರೆ. ಅದಕ್ಕೇ ಇದನ್ನು ಪೂರ್ತಿ ಬರೆದಿಡುತ್ತಿದ್ದೇನೆ. ಊರಿನ ಹೆಸರು, ಕಂಪನಿ ಹೆಸರು, ಪಂಚಾಯ್ತಿ ಹೆಸರು ಬೇಡ. ಆ ಊರಲ್ಲಿ ಎರಡೂ ಕಡೆಯವರು ಈಗಲೂ ಒಂದೇ ಬಸ್ಸಿಗೆ ಕಾಯುವವರು.

ಮೊದಲು ಊರಿನ ಬಗ್ಗೆ ಒಂದಿಷ್ಟು. ಹೊಸನಗರ ತಾಲ್ಲೂಕಿನ ಒಳಭಾಗ. ಎರಡು ಗುಡ್ಡದ ನಡುವಿನ ಕಣಿವೆಯಲ್ಲಿ ಅಡಿಕೆ ತೋಟ, ತೋಟದ ತಲೆಯಲ್ಲಿ ಮನೆಗಳು, ಒಂದು ಮನೆಗೂ ಇನ್ನೊಂದಕ್ಕೂ ಕೂಗಿದರೆ ಕೇಳುವಷ್ಟು ದೂರ. ಎಲ್ಲಾ ಸೇರಿ ಅರವತ್ತು ಮನೆ ಇರಬಹುದು. ಮೊಬೈಲ್ ಸಿಗ್ನಲ್ ಅನ್ನುವುದೇ ಇರಲಿಲ್ಲ. 2020ರಲ್ಲಿ ಕೊರೊನಾ ಬಂದು ಶಾಲೆ ಮುಚ್ಚಿದಾಗ ಮಕ್ಕಳು ಆನ್‌ಲೈನ್ ಕ್ಲಾಸಿಗೆ ಅಂತ ಗುಡ್ಡದ ನೆತ್ತಿ ಹತ್ತುತ್ತಿದ್ದರು. ಮಳೆಗಾಲದಲ್ಲಿ ಅಲ್ಲೊಂದು ಪ್ಲಾಸ್ಟಿಕ್ ಹೊದಿಸಿದ ಚಪ್ಪರ ಹಾಕಿದ್ದರು, ಕಾಲಿಗೆ ಇಂಬಳ ಹತ್ತದೇ ಇರಲಿ ಅಂತ ಸುತ್ತ ಸುಣ್ಣ ಉದುರಿಸುತ್ತಿದ್ದರು. ಹೆರಿಗೆ ನೋವು ಬಂದ ಒಬ್ಬಳಿಗೆ ಆಂಬುಲೆನ್ಸ್ ಕರೆಯಲು ಗಂಡ ರಾತ್ರಿ ಬ್ಯಾಟರಿ ಹಿಡಿದು ಅದೇ ಗುಡ್ಡ ಹತ್ತಿದ್ದ. 2020ರ ಡಿಸೆಂಬರ್‌ನಲ್ಲಿ ಗ್ರಾಮ ಪಂಚಾಯ್ತಿ ಚುನಾವಣೆ ಬಂತಲ್ಲ, ಆಗ ಬಸ್ ಸ್ಟಾಪಿನಲ್ಲಿ "ನೆಟ್‌ವರ್ಕ್ ಇಲ್ಲದಿದ್ದರೆ ವೋಟೂ ಇಲ್ಲ" ಅಂತ ಬೋರ್ಡ್ ಕಟ್ಟಿದ್ದು ಇದೇ ಜನ. ಅವತ್ತು ಮಲೆನಾಡಿನ ಎಷ್ಟೋ ಊರುಗಳಲ್ಲಿ ಈ ಕೂಗು ಇತ್ತು.

ಅಂದ್ರೆ ಇವರು ಟವರ್ ವಿರೋಧಿಗಳಲ್ಲ. ಟವರ್ ಕೇಳಿ ಪಡೆದವರು. ಇದನ್ನು ಒತ್ತಿ ಹೇಳಲು ಕಾರಣ ಇದೆ. ಮುಂದೆ ಪೊಲೀಸರಿಂದ ಹಿಡಿದು ಅಧಿಕಾರಿಗಳವರೆಗೆ ಎಲ್ಲರೂ ಕೇಳಿದ್ದು ಒಂದೇ ಪ್ರಶ್ನೆ: "ನೀವೇ ಅಲ್ವಾ ಬೇಕು ಅಂದವರು? ಈಗ ಎಂಥಕ್ಕೆ ಗಲಾಟೆ?"

2021ರ ಫೆಬ್ರವರಿಯಲ್ಲಿ ಕಂಪನಿಯ ಏಜೆಂಟ್ ಬಂದ. ನಾಲ್ಕು ಜಾಗ ನೋಡಿದ. ಕೊನೆಗೆ ಆರಿಸಿದ್ದು ಶಾಲೆ ಮತ್ತು ಅಂಗನವಾಡಿಗೆ ಹತ್ತಿರದ ಒಂದು ಇಳಿಜಾರು, ರಸ್ತೆ ಬದಿ. ಜಾಗದ ಯಜಮಾನರ ಜೊತೆ ಬಾಡಿಗೆ ಕರಾರು ಆಯಿತು. ಏಪ್ರಿಲ್‌ನಲ್ಲಿ ಪಂಚಾಯ್ತಿ ಒಪ್ಪಿಗೆ ಕೊಟ್ಟಿತು. ಮೇ ಕೊನೆಗೆ ಜೆಸಿಬಿ ಬಂದು ದರೆ, ಅಂದ್ರೆ ಇಳಿಜಾರಿನ ಮಣ್ಣಿನ ದಿಬ್ಬ, ಕಡಿಯಿತು, ಆಳೆತ್ತರಕ್ಕಿಂತ ಜಾಸ್ತಿ. ಸಮತಟ್ಟು ಮಾಡಿ ನಾಲ್ಕು ದೊಡ್ಡ ಗುಂಡಿ ತೋಡಿದರು. ಕಡಿದ ಮಣ್ಣನ್ನು ಕೆಳಗಡೆ ತಳ್ಳಿದರು. ಆ ಕೆಳಗೇ ಅಬ್ಬಿ ಇದ್ದದ್ದು.

ಬಯಲುಸೀಮೆಯವರಿಗೆ ಅಬ್ಬಿ ಗೊತ್ತಿರಲಿಕ್ಕಿಲ್ಲ. ಗುಡ್ಡದ ಒರತೆ ನೀರನ್ನು ಮೊದಲೆಲ್ಲ ಅಡಿಕೆ ದಬ್ಬೆಯಲ್ಲಿ, ಈಗ ಕಪ್ಪು ಪೈಪಿನಲ್ಲಿ, ತನ್ನಷ್ಟಕ್ಕೇ ಹರಿದು ಬರುವಂತೆ ಮನೆಗೆ ತಂದುಕೊಳ್ಳುವುದು. ಪಂಪ್ ಬೇಡ, ಕರೆಂಟ್ ಬೇಡ. ಈ ಊರಿನ ಹದಿನಾಲ್ಕು ಮನೆಗೆ, ಶಾಲೆಗೆ, ಅಂಗನವಾಡಿಗೆ ಕುಡಿಯುವ ನೀರು ಇದೊಂದೇ. ಜುಲೈನಲ್ಲಿ ಮಳೆ ಜೋರಾದಾಗ ತಳ್ಳಿದ ಮಣ್ಣು ಕುಸಿದು ಒರತೆಯ ತೊಟ್ಟಿ ಮುಚ್ಚಿತು. ಜನ ಕೆಲಸ ನಿಲ್ಲಿಸಿ ಅಂತ ಜೆಸಿಬಿ ಮುಂದೆ ಕೂತರು. ಪೊಲೀಸರು ಬಂದರು. ಐದು ಹುಡುಗರ ಮೇಲೆ ಶಾಂತಿ ಕದಡುತ್ತಾರೆ ಅಂತ ದಂಡ ಪ್ರಕ್ರಿಯಾ ಸಂಹಿತೆ, ಅಂದ್ರೆ ಸಿಆರ್‌ಪಿಸಿ 107ರ ಅಡಿ ತಹಸೀಲ್ದಾರರ ಮುಂದೆ ಕೇಸಾಯಿತು. ಅದೇ ಸಿಟ್ಟಿನಲ್ಲಿ ಹೊಸನಗರಕ್ಕೆ ಹೋಗಿ ದಾವೆ ಹಾಕಿದ್ದರು.

ಆ ದಾವೆ ಮೊದಲ ಹೆಜ್ಜೆಯಲ್ಲೇ ಯಾಕೆ ಎಡವಿತು?

ಒಂದು, ಕಂಪನಿ ಮೊದಲೇ ಕೇವಿಯಟ್ ಹಾಕಿಟ್ಟಿತ್ತು. ಹಾಗಾಗಿ ಅವರ ಮಾತು ಕೇಳದೆ ತಡೆ ಸಿಗುವಂತಿರಲಿಲ್ಲ. ಅದು ದೊಡ್ಡ ವಿಷಯ ಅಲ್ಲ. ನಿಜವಾದ ಗೋಡೆ ಇನ್ನೊಂದು. 1963ರ ನಿರ್ದಿಷ್ಟ ಪರಿಹಾರ ಕಾಯ್ದೆಗೆ 2018ರಲ್ಲಿ ತಿದ್ದುಪಡಿ ಆಗಿ 41ನೇ ಕಲಮಿನಲ್ಲಿ "ಎಚ್‌ಎ" ಅನ್ನುವ ಒಂದು ಹೊಸ ಖಂಡ ಸೇರಿತು. ಮೂಲಸೌಕರ್ಯ ಯೋಜನೆಯ ಕೆಲಸಕ್ಕೆ ಅಡ್ಡಿಯಾಗುವಂತೆ ಅಥವಾ ತಡವಾಗುವಂತೆ ಸಿವಿಲ್ ಕೋರ್ಟ್ ತಡೆಯಾಜ್ಞೆ ಕೊಡಬಾರದು ಅಂತ. ಯಾವುದು ಮೂಲಸೌಕರ್ಯ ಅನ್ನುವ ಪಟ್ಟಿ ಕಾಯ್ದೆಯ ಕೊನೆಗೆ ಇದೆ, ಅದರಲ್ಲಿ ಟೆಲಿಕಾಂ ಟವರ್ ಅಂತ ಬಿಡಿಸಿ ಬರೆದಿದೆ. ಕಂಪನಿಯ ವಕೀಲರು ಆ ಪುಟ ತೋರಿಸಿದರು. ಅಷ್ಟೇ ಸಾಕಾಯಿತು. 2018ಕ್ಕೆ ಮುಂಚಿನ ನೆನಪಿನಲ್ಲಿ ದಾವೆ ಬರೆದರೆ ಈ ಗೋಡೆಗೆ ತಲೆ ಹೊಡೆಯುವುದು ಖಂಡಿತ.

ಎರಡನೆಯದು ವಿಕಿರಣದ ವಾದ. ಇದರ ಬಗ್ಗೆ ನಾನು ಆ ಆರು ಜನರ ಜೊತೆ ಅವತ್ತು ಎರಡು ಗಂಟೆ ಮಾತಾಡಿದೆ. ಅವರಲ್ಲೊಬ್ಬರು ನಿವೃತ್ತ ಮೇಷ್ಟ್ರು, ಪೇಪರ್ ಕಟಿಂಗ್ ಇಟ್ಟುಕೊಂಡು ಬಂದಿದ್ದರು. 2017ರಲ್ಲಿ ಗ್ವಾಲಿಯರ್‌ನ ಒಬ್ಬ ಮನೆಗೆಲಸದ ಮನುಷ್ಯ ತನ್ನ ಕ್ಯಾನ್ಸರಿಗೆ ಪಕ್ಕದ ಮನೆ ಮೇಲಿನ ಟವರ್ ಕಾರಣ ಅಂತ ಸುಪ್ರೀಂ ಕೋರ್ಟಿಗೆ ಹೋಗಿದ್ದು, ಕೋರ್ಟ್ ಆ ಬಿಎಸ್‌ಎನ್‌ಎಲ್ ಟವರ್ ಬಂದ್ ಮಾಡಿಸಿದ್ದು. 2012ರಲ್ಲಿ ರಾಜಸ್ಥಾನ ಹೈಕೋರ್ಟ್ ಶಾಲೆ, ಆಸ್ಪತ್ರೆ ಹತ್ತಿರದ ಟವರ್ ತೆಗೆಯಿರಿ ಅಂದಿದ್ದು. "ಇದೆಲ್ಲ ಸುಳ್ಳಾ ಹಾಗಾದ್ರೆ?" ಅಂತ ಕೇಳಿದರು.

ಸುಳ್ಳಲ್ಲ ಮೇಷ್ಟ್ರೇ, ಆದರೆ ಇದು ಅರ್ಧ ಕಥೆ ಅಂದೆ. ಗ್ವಾಲಿಯರ್ ಆದೇಶ ಆ ಒಬ್ಬ ಮನುಷ್ಯನ ಸ್ಥಿತಿ ನೋಡಿ ಕೊಟ್ಟದ್ದು. ಟವರಿನಿಂದ ಕ್ಯಾನ್ಸರ್ ಬರುತ್ತೆ ಅಂತ ಅದು ತೀರ್ಮಾನಿಸಲಿಲ್ಲ. ಇನ್ನೊಂದು ಕಡೆ, ಕೇರಳ ಹೈಕೋರ್ಟ್ 2006ರಲ್ಲೇ ಚೆಮಂಚೇರಿ ಪಂಚಾಯ್ತಿ ಪ್ರಕರಣದಲ್ಲಿ, ಆರೋಗ್ಯ ಕೆಡಬಹುದು ಅನ್ನುವ ಬರೀ ಭಯದ ಮೇಲೆ ಪಂಚಾಯ್ತಿ ಅನುಮತಿ ನಿರಾಕರಿಸುವಂತಿಲ್ಲ ಅಂತ ಹೇಳಿತು. 2019ರಲ್ಲಿ ಬಾಂಬೆ ಹೈಕೋರ್ಟೂ ವಿಕಿರಣದ ವಾದ ಒಪ್ಪಲಿಲ್ಲ. ವಿಶ್ವ ಆರೋಗ್ಯ ಸಂಸ್ಥೆಯ ಕ್ಯಾನ್ಸರ್ ಸಂಶೋಧನಾ ವಿಭಾಗ 2011ರಲ್ಲಿ ಈ ರೇಡಿಯೋ ತರಂಗಗಳನ್ನು "ಕ್ಯಾನ್ಸರ್ ತರುವ ಸಾಧ್ಯತೆ ಇರಬಹುದು" ಅನ್ನುವ 2ಬಿ ಗುಂಪಿಗೆ ಹಾಕಿದ್ದು ನಿಜ. ಆದರೆ ಇರಬಹುದು ಅನ್ನುವುದು ಬೇರೆ, ಇದೆ ಅನ್ನುವುದು ಬೇರೆ, ಅಲ್ವಾ?

ನಮ್ಮ ದೇಶದ ಮಿತಿ 2012ರ ಸೆಪ್ಟೆಂಬರ್ 1ರಿಂದ ಅಂತರರಾಷ್ಟ್ರೀಯ ಮಿತಿಯ ಹತ್ತನೇ ಒಂದು ಭಾಗಕ್ಕೆ ಇಳಿದಿತ್ತು. 900 ಮೆಗಾಹರ್ಟ್ಸ್ ಸಿಗ್ನಲ್‌ಗೆ ಚದರ ಮೀಟರಿಗೆ 0.45 ವ್ಯಾಟ್, 1800ಕ್ಕೆ 0.9 ವ್ಯಾಟ್. ಮೀರಿದರೆ ಒಂದು ಟವರಿನ ಒಂದು ಸಲದ ತಪ್ಪಿಗೆ 10 ಲಕ್ಷ ರೂಪಾಯಿವರೆಗೆ ದಂಡ. ಕೋರ್ಟಿನಲ್ಲಿ ಕಂಪನಿ ಈ ಮಿತಿಯ ಪ್ರಮಾಣಪತ್ರ ಇಡುತ್ತೆ. ನಮ್ಮ ಹತ್ತಿರ ಪೇಪರ್ ಕಟಿಂಗ್ ಇರುತ್ತೆ. ಅದೂ ಅಲ್ಲದೆ ಟವರ್ ಇನ್ನೂ ಕಟ್ಟಿಯೇ ಇರಲಿಲ್ಲ. ಇಲ್ಲದ ಟವರಿನ ವಿಕಿರಣವನ್ನು ಸಾಬೀತು ಮಾಡುವುದು ಹೇಗೆ?

ಮೇಷ್ಟ್ರಿಗೆ ಮಾತ್ರ ಸಮಾಧಾನ ಆಗಲಿಲ್ಲ. ಅವರ ಅನುಮಾನವನ್ನು ತಳ್ಳಿ ಹಾಕುವುದು ನನಗೂ ಇಷ್ಟ ಇರಲಿಲ್ಲ. ಮೊಮ್ಮಗಳು ಅದೇ ಅಂಗನವಾಡಿಗೆ ಹೋಗುವವಳು, ಅವರ ಭಯ ಸುಮ್ನೆ ಹುಟ್ಟಿದ್ದಲ್ಲ. ದೂರಸಂಪರ್ಕ ಇಲಾಖೆಯ ತರಂಗ್ ಸಂಚಾರ್ ಅನ್ನುವ ಪೋರ್ಟಲ್ 2017ರಿಂದ ಇದೆ, 4,000 ರೂಪಾಯಿ ಕಟ್ಟಿದರೆ ಇಲಾಖೆಯವರು ಬಂದು ನಾವು ಹೇಳಿದ ಟವರಿನ ಹತ್ತಿರ ಅಳತೆ ಮಾಡುತ್ತಾರೆ. ಹಾಗಾದರೆ ಹೋಬಳಿ ಪೇಟೆಯಲ್ಲಿ ಇರುವ ಟವರನ್ನು ಅಳೆಸಿ ನೋಡೋಣ ಅಂದೆ. ಚಂದಾ ಎತ್ತಿ ಹಣ ಕಟ್ಟಿದರು. ಮೂರು ಕಾಲಿನ ಸ್ಟ್ಯಾಂಡಿನ ಮೇಲೆ ಯಂತ್ರ ಇಟ್ಟು ಬೇರೆ ಬೇರೆ ಕಡೆ ಅಳೆದರು, ಮೇಷ್ಟ್ರು ಪಕ್ಕದಲ್ಲೇ ನಿಂತು ಪ್ರತಿ ಸಲದ ಅಂಕಿಯನ್ನೂ ತಮ್ಮ ಡೈರಿಯಲ್ಲಿ ಬರೆದುಕೊಂಡರು. ಎಲ್ಲಾ ಕಡೆ ಮಿತಿಗಿಂತ ಎಷ್ಟೋ ಕಡಿಮೆ ಬಂತು. ಆಂಟೆನಾದ ಕಿರಣ ಮುಂದಕ್ಕೆ, ದೂರಕ್ಕೆ ಹೋಗುತ್ತೆ, ನೇರ ಬುಡಕ್ಕೆ ಬೀಳುವುದು ಕಡಿಮೆ, ದೂರ ಹೋದ ಹಾಗೆ ಬೇಗ ಕರಗುತ್ತೆ ಅಂತ ಅಧಿಕಾರಿ ಬಿಡಿಸಿ ಹೇಳಿದರು. ಸಿಗ್ನಲ್ ಕಮ್ಮಿ ಇರುವ ಜಾಗದಲ್ಲಿ ನಮ್ಮ ಕೈಯಲ್ಲಿರುವ ಫೋನೇ ಟವರನ್ನು ಮುಟ್ಟಲು ಜಾಸ್ತಿ ಶಕ್ತಿ ಹಾಕುತ್ತೆ ಅಂತಲೂ ಹೇಳಿದರು. ಗುಡ್ಡದ ನೆತ್ತಿಯಲ್ಲಿ ಒಂದು ಕಡ್ಡಿ ಸಿಗ್ನಲ್ ಹಿಡಿದು ಮೂರು ಗಂಟೆ ಕ್ಲಾಸ್ ಕೇಳುತ್ತಿದ್ದ ಮಕ್ಕಳು ನನ್ನ ಕಣ್ಣ ಮುಂದೆ ಬಂದರು. ಮೇಷ್ಟ್ರು ಡೈರಿ ಮುಚ್ಚಿ, "ಸರಿ, ಇದನ್ನು ಬಿಡುವ. ನೀರಿನ ವಿಷಯ ಹಿಡಿಯುವ" ಅಂದರು. ಆ 4,000 ರೂಪಾಯಿ ಇಡೀ ಪ್ರಕರಣದಲ್ಲಿ ಅತ್ಯಂತ ಸಾರ್ಥಕವಾದ ಖರ್ಚು ಅಂತ ನನ್ನ ಅಭಿಪ್ರಾಯ.

ಆಮೇಲೆ ಕಾಗದದ ಕೆಲಸ. ಹತ್ತು ರೂಪಾಯಿ ಪೋಸ್ಟಲ್ ಆರ್ಡರ್ ಇಟ್ಟು ಮಾಹಿತಿ ಹಕ್ಕಿನಲ್ಲಿ ಪಂಚಾಯ್ತಿಗೆ ಅರ್ಜಿ ಹಾಕಿದೆವು. ಕಂಪನಿಯ ಅರ್ಜಿ, ನಕ್ಷೆ, ಸ್ಟ್ರಕ್ಚರಲ್ ಎಂಜಿನಿಯರ್ ಪ್ರಮಾಣಪತ್ರ, ಸಭೆಯ ನಡಾವಳಿ, ಎಲ್ಲದರ ನಕಲು ಬೇಕು ಅಂತ. ಮೂವತ್ತು ದಿನಕ್ಕೆ ಎರಡು ದಿನ ಬಾಕಿ ಇರುವಾಗ ಕೊಟ್ಟರು. ಕೂತು ಒಂದೊಂದೇ ಹಾಳೆ ಮಗುಚಿದಾಗ ಮೂರು ವಿಷಯ ಕಣ್ಣಿಗೆ ಬಿತ್ತು. ನಡಾವಳಿಯಲ್ಲಿ ಬರೆದ ಹಿಸ್ಸಾ ನಂಬರು (ಸರ್ವೆ ನಂಬರಿನ ಒಳಗಿನ ಪಾಲಿನ ನಂಬರು), ಬಾಡಿಗೆ ಕರಾರಿನ ಹಿಸ್ಸಾ ನಂಬರು ಬೇರೆ ಬೇರೆ. ಪ್ರಮಾಣಪತ್ರದಲ್ಲಿ ಜಾಗ "ಸಮತಟ್ಟಾಗಿದೆ" ಅಂತ ಇತ್ತು, ಆ ತಾರೀಖಿಗೆ ಜೆಸಿಬಿ ಇನ್ನೂ ಬಂದೇ ಇರಲಿಲ್ಲ. ಕೃಷಿ ಜಮೀನನ್ನು ಬೇರೆ ಕೆಲಸಕ್ಕೆ ಬಳಸಲು ಭೂಕಂದಾಯ ಕಾಯ್ದೆಯ 95ನೇ ಕಲಮಿನ ಅಡಿ ಜಿಲ್ಲಾಧಿಕಾರಿಯಿಂದ ಆಗಬೇಕಾದ ಅಲಿನೇಷನ್ ಆದೇಶ ಕಡತದಲ್ಲಿ ಇರಲೇ ಇಲ್ಲ.

ಹಿಸ್ಸಾ ನಂಬರಿನ ಗೊಂದಲ ನೋಡಿದಾಗ ನನಗೆ ಒಂದು ಅನುಮಾನ ಬಂತು. ಜಾಗಕ್ಕೆ ಹೋದೆ. ಬೇಲಿ ಕಂಬ ನೆಟ್ಟಿದ್ದ ಕಡೆ ನಿಂತು ಆ ಅಮ್ಮನನ್ನು ಕೇಳಿದೆ, "ಅಮ್ಮ, ಇವರ ಗಡಿ ಎಲ್ಲಿಗೆ?" ಅವರು ಕತ್ತಿಯ ತುದಿಯಲ್ಲಿ ತೋರಿಸಿದರು. "ಇಲ್ಲೊಂದು ಅಗಳ ಇತ್ತು. ನಾನು ಮದುವೆಯಾಗಿ ಬಂದಾಗಿಂದ ನೋಡಿದೀನಿ. ಜೆಸಿಬಿಯವ್ನು ಮುಚ್ಚಿ ಹಾಕಿದ. ಅಗಳದ ಆಚೆ ಬೆಟ್ಟ, ನಾವೆಲ್ಲ ಸೊಪ್ಪು ಕಡಿಯೋ ಬೆಟ್ಟ."

ಸೊಪ್ಪಿನಬೆಟ್ಟ. ಮಲೆನಾಡಿನ ತೋಟದವರಿಗೆ ಈ ಮಾತು ಬಿಡಿಸಿ ಹೇಳಬೇಕಿಲ್ಲ. ಅಡಿಕೆ ತೋಟಕ್ಕೆ ಹಸಿರುಸೊಪ್ಪು, ದರಕು ತರಲು ಬಿಟ್ಟ ಜಾಗ. ಸೊಪ್ಪಿನ ಹಕ್ಕು ತೋಟದವರದ್ದು, ಜಾಗ ಸರ್ಕಾರದ್ದು. 1964ರ ಕರ್ನಾಟಕ ಭೂಕಂದಾಯ ಕಾಯ್ದೆಯ 79ನೇ ಕಲಮು ಕುಮ್ಕಿ, ಬಾಣೆ, ಬೆಟ್ಟ, ಹಾಡಿ, ಕಾನೆ, ಸೊಪ್ಪಿನಬೆಟ್ಟ ಅಂತ ಹೆಸರು ಹಿಡಿದು ಹೇಳಿ ಆ ಹಳೇ ಸವಲತ್ತುಗಳನ್ನು ಉಳಿಸಿದೆ. ಸೊಪ್ಪು ಕಡಿಯುವ ಸವಲತ್ತು ಇದ್ದವರು ಆ ಜಾಗವನ್ನು ಬಾಡಿಗೆಗೆ ಕೊಡಲು ಬರುವುದಿಲ್ಲ. ಯಾಕಂದ್ರೆ ಅದು ಅವರದ್ದೇ ಅಲ್ಲ.

ಹದ್ದುಬಸ್ತಿಗೆ, ಅಂದ್ರೆ ಗಡಿ ಅಳೆದು ಗುರುತಿಸಲು, ಅರ್ಜಿ ಹಾಕಿದೆವು. ಸರ್ವೆಯವರು ಬಂದದ್ದು ಅಕ್ಟೋಬರ್ ಕೊನೆಗೆ, ಮಳೆ ಬಿಟ್ಟ ಮೇಲೆ. ಆ ದಿನ ನನಗೆ ಚೆನ್ನಾಗಿ ನೆನಪಿದೆ. ನಕ್ಷೆಯಲ್ಲಿ ಇದ್ದ ಬಾಂದುಕಲ್ಲು ಎರಡು ಸಿಕ್ಕಿದವು, ಮೂರನೆಯದು ಸಿಗಲಿಲ್ಲ. ಅದು ಸಿಗದೆ ಗೆರೆ ಎಳೆಯಲು ಬರಲ್ಲ ಅಂದರು. ಒಂದು ಗಂಟೆ ಹುಡುಕಿದರು. ಕೊನೆಗೆ ಅದೇ ಅಮ್ಮ ಒಂದು ಹಲಸಿನ ಮರದ ಬುಡಕ್ಕೆ ಹೋಗಿ ಕತ್ತಿಯಿಂದ ಮಣ್ಣು ಕೆದಕಿದರು. ಬೇರು ಕಲ್ಲನ್ನು ಅರ್ಧ ನುಂಗಿತ್ತು. ಪಾಚಿ ಉಜ್ಜಿದಾಗ ಕಲ್ಲಿನ ನೆತ್ತಿ ಮೇಲಿನ ಕೂಡು ಗೆರೆ ಕಾಣಿಸಿತು. ಸರ್ವೆಯವರು ಮಾತಾಡದೆ ಟೇಪು ಹಿಡಿದರು. ಜಾಗದ ಯಜಮಾನರೂ ಅಲ್ಲೇ ನಿಂತು ನೋಡುತ್ತಿದ್ದರು. ಸಂಜೆ ಹೊತ್ತಿಗೆ ಸುಣ್ಣದ ಗೆರೆ ಬಿತ್ತು. ಟವರಿಗೆ ಅಂತ ಬೇಲಿ ಹಾಕಿದ ಜಾಗದಲ್ಲಿ ಅರ್ಧಕ್ಕಿಂತ ಜಾಸ್ತಿ ಸೊಪ್ಪಿನಬೆಟ್ಟಕ್ಕೆ ಹೋಗಿತ್ತು. ನಾಲ್ಕು ಗುಂಡಿಯಲ್ಲಿ ಮೂರು ಸರ್ಕಾರಿ ಜಾಗದಲ್ಲಿ.

ಇಲ್ಲಿ ಯಜಮಾನರ ಬಗ್ಗೆ ಹೇಳಲೇಬೇಕು. ಅವರು ಕೆಟ್ಟವರಲ್ಲ, ಮೋಸ ಮಾಡಬೇಕು ಅಂತ ಹೊರಟವರೂ ಅಲ್ಲ. ಎರಡು ವರ್ಷ ಕೊಳೆರೋಗ ಬಂದು ತೋಟದ ಫಸಲು ನೆಲಕ್ಕೆ ಉದುರಿತ್ತು. ಸೊಸೈಟಿ ಸಾಲ ಇತ್ತು. ತಿಂಗಳಾ ತಿಂಗಳಾ ಬಾಡಿಗೆ ಬರುತ್ತೆ ಅಂದಾಗ ಯಾರಿಗೆ ಬೇಡ? ಅಜ್ಜನ ಕಾಲದಿಂದ ತಮ್ಮದೇ ಅಂತ ಅಂದುಕೊಂಡ ಇಳಿಜಾರು ಅದು. ಸುಣ್ಣದ ಗೆರೆ ನೋಡಿ ನನ್ನ ಹತ್ತಿರ ಬಂದು, "ನಾನೇನು ಊರಿಗೆ ವಿಷ ಹಾಕಿದ್ನಾ ವಕೀಲ್ರೇ?" ಅಂದರು. ನನಗೆ ಉತ್ತರ ಸಿಗಲಿಲ್ಲ. ಅವರನ್ನು ನಾನು ಮೊದಲೇ, ಅರ್ಜಿ ಹಾಕುವ ಮುಂಚೆ ಹೋಗಿ ಮಾತಾಡಿಸಬೇಕಿತ್ತು. ಅದು ನನ್ನ ತಪ್ಪು. ಹಾಗೆ ಮಾಡಿದ್ದರೆ ಪಂಚಾಯ್ತಿಕೆಯಲ್ಲೇ ಮುಗಿಯುವ ಸಾಧ್ಯತೆ ಇತ್ತು, ಎರಡು ಮನೆ ನಡುವೆ ಮಾತು ನಿಲ್ಲುತ್ತಿರಲಿಲ್ಲ.

ಈಗ ಹೋಗಬೇಕಾದ ಬಾಗಿಲು ಬೇರೆ. ಹೊಸನಗರ ತಾಲ್ಲೂಕು ಸಾಗರ ಉಪವಿಭಾಗಕ್ಕೆ ಸೇರುತ್ತೆ. ಸಾಗರದ ಉಪವಿಭಾಗಾಧಿಕಾರಿಗಳ ಮುಂದೆ ಸಿಆರ್‌ಪಿಸಿ 133ರ ಅಡಿ ಅರ್ಜಿ ಹಾಕಿದೆವು. ಸಾರ್ವಜನಿಕರ ಕುಡಿಯುವ ನೀರಿಗೆ ತೊಂದರೆ ಆಗಿದೆ, ಕಡಿದ ದರೆ ಮುಂದಿನ ಮಳೆಗೆ ಶಾಲೆ ಕಡೆ ಜಾರಬಹುದು ಅಂತ. ವಿಚಾರಣೆ ಮುಗಿಯುವವರೆಗೆ ಕೆಲಸ ನಿಲ್ಲಿಸಲು 142ರ ಅಡಿ ಇನ್ನೊಂದು ಅರ್ಜಿ. ಸೊಪ್ಪಿನಬೆಟ್ಟದ ಒತ್ತುವರಿ ಬಗ್ಗೆ ತಹಸೀಲ್ದಾರರಿಗೆ ಸರ್ವೆ ನಕ್ಷೆ ಜೊತೆ ಬೇರೆ ದೂರು. ಈ ಮೂರರಲ್ಲೂ ವಿಕಿರಣ ಅನ್ನುವ ಶಬ್ದ ಒಂದು ಸಲವೂ ಬರಲಿಲ್ಲ. ಟವರ್ ಬೇಡ ಅಂತಲೂ ಬರೆಯಲಿಲ್ಲ. ಮೊದಲ ಪ್ಯಾರಾದಲ್ಲೇ "ಅರ್ಜಿದಾರರಿಗೆ ಟವರ್ ಬೇಕಾಗಿದೆ" ಅಂತ ಬರೆದೆ. ಹುಡುಗರಿಗೆ ಇದು ಸರಿ ಕಾಣಲಿಲ್ಲ, ಸೋತ ಹಾಗೆ ಆಗುತ್ತೆ ಅಂದರು. ಆದರೆ ಅದು ಸತ್ಯ ತಾನೇ? ಸತ್ಯವನ್ನು ಮೊದಲ ಸಾಲಿನಲ್ಲಿ ಇಟ್ಟರೆ ಎದುರಿನವರ ದೊಡ್ಡ ಪ್ರಶ್ನೆ ಕೇಳುವ ಮೊದಲೇ ಮುಗಿಯುತ್ತೆ.

ಉಪವಿಭಾಗಾಧಿಕಾರಿ ಸ್ಥಳಕ್ಕೆ ಬಂದರು. ಅಮ್ಮ ಮತ್ತೆ ಬಾಟ್ಲಿ ತಂದಿದ್ದರು. ಅಧಿಕಾರಿ ಅದನ್ನು ಬೆಳಕಿಗೆ ಹಿಡಿದು ನೋಡಿದರು, ತಹಸೀಲ್ದಾರರ ಕೈಗೆ ಕೊಟ್ಟರು. ವಾರದೊಳಗೆ ಕೆಲಸ ನಿಲ್ಲಿಸಲು ಆದೇಶ ಬಂತು. ವಿಷಯ ಜಿಲ್ಲಾ ಟೆಲಿಕಾಂ ಸಮಿತಿಗೆ ಹೋಯಿತು. ಈ ಸಮಿತಿ ಇರುವುದೇ ಎಷ್ಟೋ ಜನಕ್ಕೆ ಗೊತ್ತಿಲ್ಲ. ದೂರಸಂಪರ್ಕ ಇಲಾಖೆ 2013ರಲ್ಲಿ ರಾಜ್ಯಗಳಿಗೆ ಕಳಿಸಿದ ಮಾರ್ಗಸೂಚಿಯಲ್ಲಿ ಟವರ್ ಕುರಿತ ಸಾರ್ವಜನಿಕರ ದೂರು ಕೇಳಲು ರಾಜ್ಯ ಮಟ್ಟದಲ್ಲಿ, ಜಿಲ್ಲಾ ಮಟ್ಟದಲ್ಲಿ ಸಮಿತಿ ಇರಬೇಕು ಅಂತ ಹೇಳಿದೆ.

ಶಿವಮೊಗ್ಗದಲ್ಲಿ ನಡೆದ ಆ ಸಭೆಯಲ್ಲಿ ನನಗೆ ಹೊಸದೊಂದು ತಿಳಿಯಿತು. ಕಂಪನಿಯ ರೇಡಿಯೋ ಎಂಜಿನಿಯರ್ ಒಬ್ಬರು, ಚಿಕ್ಕ ವಯಸ್ಸು, ಲ್ಯಾಪ್‌ಟಾಪಿನಲ್ಲಿ ಊರಿನ ನಕ್ಷೆ ತೆಗೆದರು. ಮೇಷ್ಟ್ರು ಕೇಳಿದರು, "ನಮ್ಮ ಮಕ್ಕಳು ಹತ್ತುತ್ತಿದ್ದ ಗುಡ್ಡದ ನೆತ್ತಿಗೆ ಟವರ್ ಹಾಕಿದ್ರೆ ಎಂಥ ತೊಂದರೆ?" ಆ ಹುಡುಗ ನೇರವಾಗಿ ಹೇಳಿಬಿಟ್ಟ: ಸಿಗ್ನಲ್ ದೃಷ್ಟಿಯಿಂದ ಅದೇ ಒಳ್ಳೆಯ ಜಾಗ. ಕಣಿವೆಯ ಎರಡೂ ಬದಿ ಕಾಣುತ್ತೆ, ಮುಂದಿನ ಟವರಿಗೆ ಮೈಕ್ರೋವೇವ್ ಕೊಂಡಿಗೂ ಅಡ್ಡ ಇಲ್ಲ. ಕೆಳಗಿನ ಜಾಗ ಆರಿಸಿದ್ದು ರಸ್ತೆ ಇದೆ, ಕರೆಂಟ್ ಕಂಬ ಇದೆ, ಡೀಸೆಲ್ ಸಾಗಿಸೋದು ಸುಲಭ ಅನ್ನುವ ಕಾರಣಕ್ಕೆ. ಅಂದ್ರೆ ಊರಿಗೆ ಎಲ್ಲಿ ಒಳ್ಳೆಯದು ಅನ್ನುವ ಪ್ರಶ್ನೆಯನ್ನು ಅಲ್ಲಿಯವರೆಗೆ ಯಾರೂ ಯಾರಿಗೂ ಕೇಳಿಯೇ ಇರಲಿಲ್ಲ. ಆರು ತಿಂಗಳ ಜಗಳ, ಪೊಲೀಸ್ ಕೇಸು, ದಾವೆ, ಎಲ್ಲ ಆದ ಮೇಲೆ ಒಂದು ಪ್ರಶ್ನೆಗೆ ಎರಡು ನಿಮಿಷದಲ್ಲಿ ಉತ್ತರ ಸಿಕ್ಕಿತು.

ಉಳಿದದ್ದು ಲೆಕ್ಕಾಚಾರ. ನೆತ್ತಿಯಲ್ಲಿ ಇನ್ನೊಬ್ಬರ ಖಾತೆ ಜಮೀನು ಇತ್ತು, ಪಹಣಿ ಸರಿ ಇತ್ತು, ಅವರು ಒಪ್ಪಿದರು. ಮೆಸ್ಕಾಂ ಕರೆಂಟ್ ಕಂಬಗಳು ತೋಟದ ಅಂಚಿನಲ್ಲಿ ಹೋಗಲು ಏಳು ಮನೆಯವರು ಬರೆದು ಕೊಟ್ಟರು, ಪರಿಹಾರ ಕೇಳದೆ. ಕಚ್ಚಾ ರಸ್ತೆಗೆ ಊರವರು ಹದಿನೈದು ದಿನ ಶ್ರಮದಾನ ಮಾಡಿದರು, ಜೆಸಿಬಿ ಬಾಡಿಗೆ ಕಂಪನಿ ಕೊಟ್ಟಿತು. ಜನರೇಟರ್ ಶಬ್ದ ವಸತಿ ಪ್ರದೇಶದ ಮಿತಿ, ಅಂದ್ರೆ ಹಗಲು 55, ರಾತ್ರಿ 45 ಡೆಸಿಬಲ್, ಮೀರಬಾರದು ಅಂತ ಒಪ್ಪಂದದಲ್ಲಿ ಸೇರಿಸಿದೆವು. ಹಳೇ ಜಾಗದಲ್ಲಿ ಗುಂಡಿ ಮುಚ್ಚಿ, ದರೆಗೆ ಕಲ್ಲಿನ ಪಿಚ್ಚಿಂಗ್ ಕಟ್ಟಿ, ಒರತೆ ತೊಟ್ಟಿ ಮೊದಲಿನ ಹಾಗೆ ಮಾಡಿಕೊಡುವುದು ಕಂಪನಿಯ ಜವಾಬ್ದಾರಿ ಅಂತ ಬರೆಸಿದೆವು. 2022ರ ಫೆಬ್ರವರಿಯಲ್ಲಿ ಸಹಿ ಆಯಿತು. ಹೊಸನಗರದ ದಾವೆಯನ್ನು ಮೆಮೋ ಹಾಕಿ ವಾಪಸ್ ತೆಗೆದುಕೊಂಡೆವು. ಹುಡುಗರ ಮೇಲಿನ 107ರ ಕೇಸು ಅವಧಿ ಮುಗಿದು ಬಿದ್ದು ಹೋಯಿತು.

ಈ ಪ್ರಕರಣ ನಡೆದದ್ದು ಹಳೇ ಕಾನೂನಿನ ಕೊನೆಗಾಲದಲ್ಲಿ. ಇವತ್ತು ಇದೇ ತಕರಾರು ಬಂದರೆ ದಾರಿ ಸ್ವಲ್ಪ ಬೇರೆ. ಟವರ್, ಕೇಬಲ್ ಹಾಕಲು ಜಾಗ ಬಳಸುವ ಹಕ್ಕಿನ ಬಗ್ಗೆ ಇದ್ದ 2016ರ ಮಾರ್ಗಾಧಿಕಾರ ನಿಯಮಕ್ಕೆ 2022ರ ಆಗಸ್ಟ್‌ನಲ್ಲಿ ತಿದ್ದುಪಡಿ ಬಂದು, ಖಾಸಗಿ ಜಾಗದಲ್ಲಿ ಟವರ್ ಹಾಕಲು ಸ್ಥಳೀಯ ಸಂಸ್ಥೆಯ ಅನುಮತಿಯೇ ಬೇಡ, ಲಿಖಿತ ಮಾಹಿತಿ ಮತ್ತು ಸ್ಟ್ರಕ್ಚರಲ್ ಎಂಜಿನಿಯರ್ ಪ್ರಮಾಣಪತ್ರ ಕೊಟ್ಟರೆ ಸಾಕು ಅಂತ ಆಯಿತು. ಆಮೇಲೆ 2023ರ ದೂರಸಂಪರ್ಕ ಕಾಯ್ದೆ ಬಂತು, ಅದರ ಹೊಸ ಮಾರ್ಗಾಧಿಕಾರ ನಿಯಮಗಳು 2025ರ ಜನವರಿ 1ರಿಂದ ಜಾರಿಯಲ್ಲಿವೆ. ಮಾರ್ಗಾಧಿಕಾರದ ತಕರಾರು ಈಗ ಜಿಲ್ಲಾಧಿಕಾರಿಗಳ ಮುಂದೆ. ಸಿಆರ್‌ಪಿಸಿ ಹೋಗಿ 2024ರ ಜುಲೈನಿಂದ ನಾಗರಿಕ ಸುರಕ್ಷಾ ಸಂಹಿತೆ ಬಂದಿದೆ, ಹಳೇ 133 ಈಗ 152. ಪಂಚಾಯ್ತಿ ನಡಾವಳಿಯ ತಪ್ಪು ಹಿಡಿದು ಗೆಲ್ಲುವ ಕಾಲ ಹೆಚ್ಚು ಕಮ್ಮಿ ಮುಗಿಯಿತು ಅಂತಲೇ ನನಗೆ ಅನಿಸುತ್ತೆ. ಇದು ನನಗೆ ಬೇಸರದ ವಿಷಯ, ಯಾಕಂದ್ರೆ ಊರಿನ ಜನ ಬಾಯಿ ಬಿಡಲು ಇದ್ದ ಹತ್ತಿರದ ಜಾಗ ಪಂಚಾಯ್ತಿಯೇ. ಆದರೆ ಸೊಪ್ಪಿನಬೆಟ್ಟ ಖಾಸಗಿ ಜಾಗ ಅಲ್ಲ, ಅಲ್ಲಿಗೆ ಅನುಮತಿ ಈಗಲೂ ಬೇಕೇ ಬೇಕು. ಕುಡಿಯುವ ನೀರಿಗೆ ಮಣ್ಣು ತಳ್ಳುವ ಅಧಿಕಾರವನ್ನು ಯಾವ ಹೊಸ ಕಾಯ್ದೆಯೂ ಕೊಟ್ಟಿಲ್ಲ. ಹಾಗಾಗಿ ಟವರ್ ತಕರಾರು ಅಂತ ಯಾರಾದರೂ ಬಂದರೆ ನಾನು ಈಗ ಮೊದಲು ಕೇಳುವುದು ಸರ್ವೆ ನಕ್ಷೆ, ಆಮೇಲೆ ನೀರು ಎಲ್ಲಿಂದ ಬರುತ್ತೆ ಅನ್ನುವುದು.

ಟವರ್ 2022ರ ನವೆಂಬರ್‌ನಲ್ಲಿ ಶುರುವಾಯಿತು. ಮೇಷ್ಟ್ರು ನೆತ್ತಿಯಿಂದಲ್ಲ, ತಮ್ಮ ಮನೆ ಅಂಗಳದಿಂದಲೇ ಫೋನ್ ಮಾಡಿ ಹೇಳಿದರು. ಮಕ್ಕಳ ಚಪ್ಪರದ ಗೂಟ ಎರಡು ಇನ್ನೂ ಅಲ್ಲೇ ಬೇಲಿ ಪಕ್ಕ ಇವೆಯಂತೆ.

ಹಳೇ ಜಾಗದ ಪಿಚ್ಚಿಂಗ್ ಮಾತ್ರ ಅರ್ಧ ಕಟ್ಟಿ ಬಿಟ್ಟಿದ್ದರು. 2023ರ ಮಳೆಗೆ ಮತ್ತೆ ಸ್ವಲ್ಪ ಮಣ್ಣು ಜಾರಿತು. ನೋಟಿಸ್ ಕೊಟ್ಟೆವು, ಒಪ್ಪಂದದ ನಕಲು ಹಚ್ಚಿ. ಮುಂದಿನ ಬೇಸಿಗೆಯಲ್ಲಿ ಬಂದು ಉಳಿದ ಕಲ್ಲು ಕಟ್ಟಿದರು. ಅವರು ಕಟ್ಟುವಾಗ ಜಾಗದ ಯಜಮಾನರೇ ನಿಂತು ಕೆಲಸ ಮಾಡಿಸಿದರಂತೆ, ಕಲ್ಲಿನ ಹಿಂದೆ ಮಣ್ಣು ಸರಿಯಾಗಿ ಧಮ್ಮಸ್ ಆಗಿಲ್ಲ ಅಂತ ಎರಡು ಸಲ ಕೀಳಿಸಿ ಕಟ್ಟಿಸಿದರಂತೆ. ಹೇಳಿದ್ದು ಆ ಅಮ್ಮ. ಇಬ್ಬರ ನಡುವೆ ಈಗ ಮಾತಿದೆಯಾ ಅಂತ ಕೇಳಿದೆ. "ಮಾತಿಲ್ಲ. ಆದ್ರೆ ಅವತ್ತು ಕೆಲಸದವ್ರಿಗೆ ಚಾ ಅಂತ ಕೊಟ್ಟಾಗ ಅವ್ರಿಗೂ ಒಂದು ಲೋಟ ಕಳಿಸಿದೆ. ಕುಡಿದ್ರು" ಅಂದರು.